ಮುದ್ದೆ ಯಾವಾಗಿಂದ ಉಣ್ಣಬಹುದು, ಸಿಸ್ಟರ್?

ಬಂಗಾರಪೇಟೆಯಲ್ಲಿ ಯಾರಿಗಾದರೂ ಹೊಟ್ಟೆ ಕೊಯ್ಯಬೇಕೆಂದು ಡಾಕ್ಟರು ಹೇಳಿದರೆ ಮನೆಯಲ್ಲಿ ಮೊದಲು ಏಳುತ್ತಿದ್ದ ಪ್ರಶ್ನೆ ಒಂದೇ: ಯಾವ ಕಡೆಯ ರೈಲು? ಮೂಡಲಿಗೆ ಹೊರಟರೆ ಜೋಲಾರಪೇಟೆ, ಕಾಟ್ಪಾಡಿ, ಅಲ್ಲಿಂದ ವೆಲ್ಲೂರಿನ ಸಿ.ಎಂ.ಸಿ. ಆಸ್ಪತ್ರೆ. ಪಡುವಲಿಗೆ ಹೊರಟರೆ ಬೆಂಗಳೂರು ಕಂಟೋನ್ಮೆಂಟ್. ಅಲ್ಲಿ ಇಳಿದು ಗಂಟುಮೂಟೆ ಹೊತ್ತು ಶಿವಾಜಿನಗರದ ಕಡೆ ನಡೆದರೆ ಬೌರಿಂಗ್ ಆಸ್ಪತ್ರೆ. ಸಿಟಿವರೆಗೂ ಹೋದರೆ 1900ರಲ್ಲಿ ವೈಸರಾಯ್ ಕರ್ಜನ್ ಬಂದು ಉದ್ಘಾಟಿಸಿದ ವಿಕ್ಟೋರಿಯಾ ಆಸ್ಪತ್ರೆ. ಕೋಲಾರ ಚಿನ್ನದ ಗಣಿಯ ಊರಾದ ಕೆ.ಜಿ.ಎಫ್.ನ ತಮಿಳು ಮನೆಗಳು ವೆಲ್ಲೂರಿನ ಕಡೆ ವಾಲುತ್ತಿದ್ದವು, ಪೇಟೆಯ ಕನ್ನಡ, ತೆಲುಗು ಮನೆಗಳು ಬೆಂಗಳೂರಿನ ಕಡೆ. ಎಲ್ಲಿ ಚಿಕ್ಕಪ್ಪನ ಮನೆಯಿದೆಯೋ ಅಲ್ಲಿಗೆ ಎನ್ನುವುದು ಎಲ್ಲರ ಕೊನೆಯ ತೀರ್ಮಾನ.

ಬೌರಿಂಗ್ ಆಸ್ಪತ್ರೆಗೂ ನಮ್ಮೂರಿಗೂ ಹೆಸರು ಒಬ್ಬನದೇ. 1862ರಿಂದ 1870ರವರೆಗೆ ಮೈಸೂರಿನ ಕಮಿಷನರ್ ಆಗಿದ್ದ ಎಲ್.ಬಿ. ಬೌರಿಂಗ್. 1864ರಲ್ಲಿ ಜೋಲಾರಪೇಟೆಯಿಂದ ಬೆಂಗಳೂರಿಗೆ ರೈಲು ಬಂತು; ಹಳಿಯ ಪಕ್ಕ ಬೆಳೆದ ಊರು ಬೌರಿಂಗ್‌ಪೇಟೆ. 1894ರಲ್ಲಿ ಇಲ್ಲಿಂದ ಮಾರಿಕುಪ್ಪಂವರೆಗೆ ಗಣಿಯ ಹಳಿ ಕವಲೊಡೆದ ಮೇಲೆ ಇದು ಜಂಕ್ಷನ್ ಆಯಿತು. ಬಂಗಾರಪೇಟೆ ಅನ್ನಿಸಿಕೊಂಡದ್ದು ಆಮೇಲೆ.

ಮೂರನೆಯ ದಾರಿಯೂ ಒಂದಿತ್ತು. ಕೆ.ಜಿ.ಎಫ್.ನ ಚಾಂಪಿಯನ್ ರೀಫಿನ ಗಣಿ ಆಸ್ಪತ್ರೆ. 1880ರಲ್ಲಿ ಜಾನ್ ಟೇಲರ್ ಕಂಪನಿ ಗಣಿ ಹಿಡಿದ ಮೇಲೆ ಬೆಳೆದ ಊರಿನ ಆಸ್ಪತ್ರೆ ಅದು. ಗಣಿಯ ನೌಕರನಿಗೆ, ಅವನ ಹೆಂಡತಿ ಮಕ್ಕಳಿಗೆ ಅಲ್ಲಿ ಬಿಟ್ಟಿ ಚಿಕಿತ್ಸೆ. ಎಂಟು ಹತ್ತು ಮೈಲಿ ಈಚೆಗಿದ್ದ ನಮ್ಮಂಥವರಿಗೆ ಅದರ ಬಾಗಿಲು ಇರಲಿಲ್ಲ.

ನಾನು ರೈಲ್ವೆ ಕ್ವಾರ್ಟರ್ಸಿನಲ್ಲಿ ಹುಟ್ಟಿದವಳು. ಅಪ್ಪ ಪಾಯಿಂಟ್ಸ್‌ಮನ್. ನರ್ಸಿಂಗ್ ಮುಗಿಸಿ, ಎಪ್ಪತ್ತರ ದಶಕದ ಕೊನೆಯಲ್ಲಿ ಬೆಂಗಳೂರಿನ ಒಂದು ಆಸ್ಪತ್ರೆಯ ಆಪರೇಷನ್ ಥಿಯೇಟರಿಗೆ ಸೇರಿ, ನಿವೃತ್ತಿಯವರೆಗೆ ಮಾರಿಕುಪ್ಪಂ ಕಡೆಯಿಂದ ಬರುವ ಬೆಳಗಿನ ಗಾಡಿಯಲ್ಲೇ ಓಡಾಡಿದೆ. ನನ್ನ ಕಣ್ಣೆದುರೇ ಗುರುತು ಸಿಗದಷ್ಟು ಬದಲಾದ ಆಪರೇಷನ್ ಎಂದರೆ ಪಿತ್ತಕೋಶ ತೆಗೆಯುವುದು. ಅದರ ಕಥೆ ಹೇಳುವ ಡಾಕ್ಟರುಗಳು ಗಾಯ ಎಷ್ಟು ಚಿಕ್ಕದಾಯಿತು ಎಂದು ಹೇಳಿ ನಿಲ್ಲಿಸುತ್ತಾರೆ. ಗಾಯದ ಜತೆಗೆ ಹಾಸಿಗೆಯಲ್ಲಿ ಮಲಗುವ ಹಕ್ಕೂ ಹೇಗೆ ಚಿಕ್ಕದಾಯಿತು ಎಂಬುದನ್ನು ಅವರು ಯಾಕೆ ಹೇಳಿಯಾರು? ಅದನ್ನು ಕಂಡವರು ವಾರ್ಡಿನವರು.

ಪಿತ್ತರಸ ತಯಾರಾಗುವುದು ಯಕೃತ್ತಿನಲ್ಲಿ, ದಿನಕ್ಕೆ ಅರ್ಧದಿಂದ ಒಂದು ಲೀಟರು. ಪಿತ್ತಕೋಶ ಬಲಪಕ್ಕೆಲುಬಿನ ಕೆಳಗೆ ಯಕೃತ್ತಿಗೆ ಅಂಟಿಕೊಂಡ ಚೀಲ, ಹಿಡಿಯುವುದು 30ರಿಂದ 50 ಮಿ.ಲೀ. ಬಂದ ರಸದ ನೀರು ಹೀರಿ ಗಟ್ಟಿ ಮಾಡಿ ಇಟ್ಟುಕೊಂಡಿದ್ದು, ಜಿಡ್ಡಿನ ಊಟ ಹೊಟ್ಟೆಗೆ ಬಿದ್ದಾಗ ಕುಗ್ಗಿ ಸಣ್ಣ ಕರುಳಿಗೆ ಬಿಡುತ್ತದೆ. ಒಳಗೆ ಕಲ್ಲು ಕಟ್ಟಿ ಅದು ಚೀಲದ ಕುತ್ತಿಗೆಯಲ್ಲಿ ಸಿಕ್ಕಿಕೊಂಡರೆ ನೋವು ಶುರು. ಬಾಡೂಟ ಉಂಡು ಮಲಗಿದ ರಾತ್ರಿ, ಬಲಗಡೆ ಪಕ್ಕೆಯಿಂದ ಎದ್ದು ಬೆನ್ನಿಗೆ, ಭುಜದ ಹಲಗೆಗೆ ಹೊಡೆಯುವ ನೋವು, ಜತೆಗೆ ವಾಂತಿ. ನಮ್ಮ ಕಡೆ ಇದಕ್ಕೆಲ್ಲ ಗ್ಯಾಸ್ಟ್ರಿಕ್ ಎಂದೇ ಹೆಸರು. ಜೀರಿಗೆ ಕಷಾಯ, ಗೋಲಿ ಸೋಡಾ, ಆಮೇಲೆ ಮೆಡಿಕಲ್ ಸ್ಟೋರಿನ ಮಾತ್ರೆ; ಹೀಗೇ ವರ್ಷಗಳು ಕಳೆಯುತ್ತಿದ್ದವು. ಕಲ್ಲು ಜಾರಿ ಪಿತ್ತನಾಳಕ್ಕೆ ಇಳಿದರೆ ಕಣ್ಣು ಹಳದಿ. ಆಗ ನೆಲನೆಲ್ಲಿ ಅರೆದು ಮಜ್ಜಿಗೆಯಲ್ಲಿ ಕುಡಿಸುವವರ ಮನೆಗೆ. ಮದ್ದು ಕುಡಿದು ಕಾಮಾಲೆ ಇಳಿದರೆ ಮದ್ದಿಗೆ ಹೆಸರು. ಎಷ್ಟೋ ಸಲ ಕಲ್ಲು ತಾನೇ ಜಾರಿ ಕರುಳಿಗೆ ಬಿದ್ದಿರುತ್ತಿತ್ತು.

ಈ ಚೀಲವನ್ನೇ ಕಿತ್ತು ಹಾಕಿದರೆ ಮನುಷ್ಯ ಬದುಕುತ್ತಾನೆಯೇ ಎನ್ನುವುದು ಬಹಳ ಕಾಲ ಬಗೆಹರಿಯದ ಪ್ರಶ್ನೆ. ಸುಶ್ರುತನಲ್ಲಿ ಮೂತ್ರಕೋಶದ ಕಲ್ಲು ತೆಗೆಯುವ ವಿವರವಿದೆ, ಮನುಷ್ಯನ ಪಿತ್ತಕೋಶ ಕೀಳುವ ತಂಟೆಗೆ ಯಾರೂ ಹೋಗಿರಲಿಲ್ಲ. 1867ರಲ್ಲಿ ಅಮೆರಿಕದ ಇಂಡಿಯಾನಾಪೊಲಿಸ್‌ನಲ್ಲಿ ಜಾನ್ ಬಾಬ್ಸ್ ಎಂಬ ಡಾಕ್ಟರು ಚೀಲ ಸೀಳಿ ಕಲ್ಲು ತೆಗೆದು ಮತ್ತೆ ಹೊಲಿದ. ಚೀಲ ಉಳಿದರೆ ಕಲ್ಲು ಮತ್ತೆ ಹುಟ್ಟುತ್ತದೆ. 1882ರ ಜುಲೈ 15ರಂದು ಬರ್ಲಿನ್ನಿನ ಲಾಜರಸ್ ಆಸ್ಪತ್ರೆಯಲ್ಲಿ ಕಾರ್ಲ್ ಲಾಂಗೆನ್‌ಬುಖ್ 43 ವರ್ಷದ ಒಬ್ಬನ ಪಿತ್ತಕೋಶವನ್ನೇ ತೆಗೆದ. ಹದಿನಾರು ವರ್ಷ ನೋವು ತಿಂದಿದ್ದ ಆ ರೋಗಿ ಮಾರನೆಯ ದಿನ ಚುಟ್ಟಾ ಸೇದುತ್ತಾ ಕೂತಿದ್ದನಂತೆ. ಮನೆಗೆ ಹೋದದ್ದು ಮಾತ್ರ ಆರು ವಾರದ ಮೇಲೆ. ಚುಟ್ಟಾದ ಕಥೆಯನ್ನು ಎಲ್ಲರೂ ಹೇಳುತ್ತಾರೆ. ನನ್ನ ಕಣ್ಣು ನಿಲ್ಲುವುದು ಆ ಆರು ವಾರದ ಮೇಲೆ.

ಲಾಂಗೆನ್‌ಬುಖ್‌ಗೆ ಧೈರ್ಯ ಕೊಟ್ಟ ಸಂಗತಿಗಳಲ್ಲಿ ಒಂದು, ಕುದುರೆಗೂ ಆನೆಗೂ ಪಿತ್ತಕೋಶವೇ ಇಲ್ಲ ಎಂಬುದು. ಇದು ನನಗೂ ತುಂಬಾ ಉಪಯೋಗಕ್ಕೆ ಬಂದ ಸಂಗತಿ. ಆಪರೇಷನ್ನಿನ ಹಿಂದಿನ ರಾತ್ರಿ, ಚೀಲ ತೆಗೆದ ಮೇಲೆ ಜೀರ್ಣ ಹೇಗಾಗುತ್ತೆ, ಶಕ್ತಿ ಇರುತ್ತಾ ಎಂದು ಅಳುವವರಿಗೆ ಹೇಳುತ್ತಿದ್ದೆ: ದಸರಾ ಆನೆಗೂ ಪಿತ್ತಕೋಶ ಇಲ್ಲ ಕಣಮ್ಮಾ, 750 ಕೆ.ಜಿ. ಅಂಬಾರಿ ಹೊರುತ್ತೆ. ಪಿತ್ತರಸ ಮಾಡುವುದು ಯಕೃತ್ತು. ಚೀಲ ಹೋದರೆ ರಸ ಕೂಡಿಡುವ ಜಾಗ ಹೋಯಿತು ಅಷ್ಟೆ, ರಸ ನೇರವಾಗಿ ಕರುಳಿಗೆ ಇಳಿಯುತ್ತಿರುತ್ತದೆ. ಒಟ್ಟಿಗೆ ಜಾಸ್ತಿ ಜಿಡ್ಡು ತಿಂದರೆ ಕೆಲವರಿಗೆ ಭೇದಿ ಆಗುತ್ತದೆ, ಬಹಳ ಮಂದಿಗೆ ಕೆಲವು ವಾರದಲ್ಲಿ ಅದೂ ಒಗ್ಗುತ್ತದೆ.

ನಾನು ಕೆಲಸಕ್ಕೆ ಸೇರಿದಾಗ ಕಲ್ಲಿದೆಯೋ ಇಲ್ಲವೋ ಎಂದು ನೋಡುವುದೇ ಒಂದು ಸಂಭ್ರಮ. ಸ್ಕ್ಯಾನಿಂಗ್ ಇನ್ನೂ ಬಂದಿರಲಿಲ್ಲ. 1924ರಲ್ಲಿ ಅಮೆರಿಕದ ಗ್ರಹಾಂ ಮತ್ತು ಕೋಲ್ ಕಂಡುಹಿಡಿದ ಕ್ರಮದಿಂದ ಬೆಳೆದ ಪರೀಕ್ಷೆಯೇ ನಡೆಯುತ್ತಿತ್ತು: ಹಿಂದಿನ ರಾತ್ರಿ ಅಯೋಡಿನ್ ಬೆರೆತ ಮಾತ್ರೆ ನುಂಗಿಸಬೇಕು. ಮದ್ದು ಪಿತ್ತದ ಜತೆ ಚೀಲಕ್ಕೆ ಹೋಗಿ ಸೇರುತ್ತದೆ, ಬೆಳಿಗ್ಗೆ ಎಕ್ಸ್‌ರೇಯಲ್ಲಿ ಚೀಲ ಬೆಳ್ಳಗೆ ಕಾಣಬೇಕು, ಕಲ್ಲಿದ್ದ ಕಡೆ ಕಪ್ಪು ಮಚ್ಚೆ. ಆಮೇಲೆ ಜಿಡ್ಡಿನ ಊಟ ಕೊಟ್ಟು ಚೀಲ ಕುಗ್ಗುತ್ತದೆಯೇ ಎಂದು ಇನ್ನೊಂದು ಎಕ್ಸ್‌ರೇ. ಮೊಟ್ಟೆ ತಿನ್ನುವವರಿಗೆ ಮೊಟ್ಟೆ, ಬೆಣ್ಣೆ ಬ್ರೆಡ್ಡು. ತಿನ್ನದವರಿಗೆ ಬರೀ ಬೆಣ್ಣೆ. ಖಾಲಿ ಹೊಟ್ಟೆಯಲ್ಲಿ ಬೆಣ್ಣೆ ನುಂಗಲಾರದೆ ಸೆರಗು ಬಾಯಿಗಿಟ್ಟುಕೊಂಡ ಮುಳಬಾಗಿಲಿನ ಒಬ್ಬ ಅಜ್ಜಿ, ಹಳ್ಳಿಯಲ್ಲಿ ಮನೆಯ ಬೆಣ್ಣೆಯನ್ನೆಲ್ಲ ಮಾರಿ ಬದುಕಿದೆ, ಈಗ ತಿನ್ನು ಅಂತೀರಲ್ಲ ಎಂದು ನಮ್ಮನ್ನೇ ಬೈದಿದ್ದಳು.

ಕಲ್ಲಿದ್ದವರು ನಮ್ಮ ಕಡೆ ಉತ್ತರ ಭಾರತದಷ್ಟಿಲ್ಲ. ಇದನ್ನು ಮೊದಲು ಲೆಕ್ಕ ಹಾಕಿ ತೋರಿಸಿದ್ದು ರೈಲ್ವೆಯವರೇ, ಅದು ನನಗೆ ಹೆಮ್ಮೆ. ಎಸ್.ಎಲ್. ಮಲ್ಹೋತ್ರಾ ಎಂಬ ರೈಲ್ವೆ ವೈದ್ಯರು ದೇಶದ ರೈಲ್ವೆ ನೌಕರರ ದಾಖಲೆಗಳನ್ನು ಹೋಲಿಸಿ 1968ರಲ್ಲಿ ಬರೆದರು: ಪಿತ್ತಕೋಶದ ಕಲ್ಲು ದಕ್ಷಿಣದವರಿಗಿಂತ ಉತ್ತರದವರಲ್ಲಿ ಏಳು ಪಟ್ಟು ಹೆಚ್ಚು. ಕಲ್ಲಿನ ಜಾತಿಯೂ ಬೇರೆ. ಅತ್ತ ಕೊಲೆಸ್ಟರಾಲಿನ ಹಳದಿ ಕಲ್ಲು ಹೆಚ್ಚು. ನಮ್ಮ ಟ್ರೇಗೆ ಬೀಳುತ್ತಿದ್ದವು ಹೆಚ್ಚಾಗಿ ಕರ್ರಗಿನ, ಬೆರಳಲ್ಲಿ ಒತ್ತಿದರೆ ಪುಡಿಯಾಗುವ ಪಿಗ್ಮೆಂಟ್ ಕಲ್ಲು, ಇಲ್ಲವೇ ಎರಡೂ ಬೆರೆತವು. ತೊಳೆದು, ಪೆನ್ಸಿಲಿನ್ ಬಾಟಲಿಗೆ ತುಂಬಿ, ರಬ್ಬರ್ ಮುಚ್ಚಳ ಒತ್ತಿ, ಪ್ಲಾಸ್ಟರ್ ಮೇಲೆ ಹೆಸರು ಬರೆದು ಮನೆಯವರ ಕೈಗೆ ಕೊಡುವುದು ನನ್ನ ಕೆಲಸ. ಅದನ್ನು ಎಸೆದವರನ್ನು ನಾನು ಕಾಣೆ. ಷೋಕೇಸಿನಲ್ಲಿ ಇಟ್ಟವರಿದ್ದಾರೆ, ಅತ್ತೆಗೆ ತೋರಿಸಲು ಟ್ರಂಕಿನಲ್ಲಿಟ್ಟವರೂ ಇದ್ದಾರೆ: ನೋಡಿ, ಸುಳ್ಳು ನೋವಲ್ಲ ಎಂದು.

ಆಪರೇಷನ್ ಆಗ ತೆರೆದ ಹೊಟ್ಟೆಯದು. ಬಲಪಕ್ಕೆಲುಬಿನ ಅಂಚಿಗೆ ಸಮನಾಗಿ ಓರೆಯಾಗಿ ಗೇಣುದ್ದ ಕೊಯ್ಯುವುದು. ಸ್ವಿಟ್ಜರ್ಲೆಂಡಿನ ಸರ್ಜನ್ ಕೋಖರ್ ಹೆಸರಿನ ಕೊಯ್ತ. ಚರ್ಮ, ಕೊಬ್ಬು, ಮಾಂಸಖಂಡ ದಾಟಿ ಒಳಹೋಗಿ, ಯಕೃತ್ತನ್ನು ಮೇಲೆತ್ತಿ ಹಿಡಿಯಬೇಕು. ಹಿಡಿಯುವವರು ನಾವು. ಒಂದೂವರೆ ಗಂಟೆ ರಿಟ್ರಾಕ್ಟರ್ ಹಿಡಿದ ಕೈ ರೈಲಿನಲ್ಲಿ ಕಂಬಿ ಹಿಡಿಯಲೂ ಬಾರದಂತೆ ಮರಗಟ್ಟಿರುತ್ತಿತ್ತು. ನಾಳದಲ್ಲೂ ಕಲ್ಲಿದ್ದರೆ ಅದನ್ನು ಸೀಳಿ ತೆಗೆದು, ಇಂಗ್ಲಿಷ್ ಟಿ ಅಕ್ಷರದ ಆಕಾರದ ರಬ್ಬರ್ ಕೊಳವೆ ಇಟ್ಟು ಹೊಲಿಯುತ್ತಿದ್ದರು. ಅದರ ಇನ್ನೊಂದು ತುದಿ ಮಂಚದ ಪಕ್ಕದ ಬಾಟಲಿಗೆ. ದಿನವೂ ಎಷ್ಟು ಪಿತ್ತ ಇಳಿಯಿತು ಎಂದು ಅಳೆದು ಬರೆಯಬೇಕು. ಹತ್ತು ಹದಿನಾಲ್ಕು ದಿನದ ಮೇಲೆ ಕೊಳವೆಯೊಳಗೆ ಮದ್ದು ಬಿಟ್ಟು ಎಕ್ಸ್‌ರೇ ತೆಗೆದು, ದಾರಿ ಸುಗಮವಿದೆ ಅನ್ನಿಸಿದರೆ ಎಳೆದು ತೆಗೆಯುವುದು. ಅಲ್ಲಿಯವರೆಗೆ ರೋಗಿ ಆ ಬಾಟಲಿಯನ್ನು ಕೈಯಲ್ಲಿ ಹಿಡಿದುಕೊಂಡೇ ಬಚ್ಚಲಿಗೆ ಹೋಗಬೇಕು.

ಕೆ.ಜಿ.ಎಫ್. ಕಡೆಯ ಗಂಡಸರ ಕೇಸು ಬಂತೆಂದರೆ ಅರಿವಳಿಕೆ ಡಾಕ್ಟರು ಹೊಟ್ಟೆಯ ಮಾತು ಬಿಟ್ಟು ಎದೆಯ ಎಕ್ಸ್‌ರೇ ಕೇಳುತ್ತಿದ್ದರು. ಗಣಿಯಲ್ಲಿ ಚಿನ್ನ ಇದ್ದದ್ದು ಬೆಣಚುಕಲ್ಲಿನ ಪದರದಲ್ಲಿ. ಅದನ್ನು ಕೊರೆದಾಗ ಏಳುವ ಸಿಲಿಕಾ ಧೂಳು ಶ್ವಾಸಕೋಶಕ್ಕೆ ಹೋಗಿ ಕೂತರೆ ಮತ್ತೆ ಹೊರಗೆ ಬರುವುದಿಲ್ಲ. 1940ರ ದಶಕದಲ್ಲಿ ಏಳು ಸಾವಿರಕ್ಕೂ ಹೆಚ್ಚು ಗಣಿ ಕೆಲಸಗಾರರನ್ನು ಪರೀಕ್ಷಿಸಿದಾಗ ನೂರಕ್ಕೆ ನಲವತ್ತಕ್ಕಿಂತ ಹೆಚ್ಚು ಮಂದಿಗೆ ಸಿಲಿಕೋಸಿಸ್ ಕಂಡುಬಂತು. ಭಾರತದಲ್ಲಿ ಈ ರೋಗದ ಚರಿತ್ರೆ ಬರೆಯುವವರು ಕೋಲಾರದ ಗಣಿಯಿಂದಲೇ ಶುರು ಮಾಡುತ್ತಾರೆ. ಅಂಥ ಎದೆಯವನಿಗೆ ಪಕ್ಕೆಲುಬಿನ ಬುಡದಲ್ಲಿ ಗಾಯ ಎಂದರೆ ಏನು? ಪ್ರತಿ ಉಸಿರಿಗೂ ಹೊಲಿಗೆ ಎಳೆಯುತ್ತದೆ. ನೋವಿಗೆ ಹೆದರಿ ಅವನು ಮೇಲುಮೇಲೆ ಉಸಿರಾಡುತ್ತಾನೆ, ಕೆಮ್ಮುವುದನ್ನು ನುಂಗಿಕೊಳ್ಳುತ್ತಾನೆ. ಕಫ ಕೆಳಗೆ ನಿಲ್ಲುತ್ತದೆ, ಮೂರನೆಯ ದಿನ ಜ್ವರ, ನ್ಯುಮೋನಿಯಾ. ಹೊಟ್ಟೆಯ ಆಪರೇಷನ್ ಚೆನ್ನಾಗಿ ಆಗಿ, ಎದೆ ಕೈಕೊಟ್ಟು ಹೋದವರುಂಟು.

ಆದ್ದರಿಂದ ಕೆಮ್ಮಿಸುವುದು ನಮ್ಮ ದೊಡ್ಡ ಚಿಕಿತ್ಸೆ. ಕೆ.ಜಿ.ಎಫ್.ನ ಊರಿಗಾಂನ ಒಬ್ಬ ಮುದುಕ ನೆನಪಿಗೆ ಬರುತ್ತಾನೆ. ಭೂಮಿಯ ಕೆಳಗೆ ಯೌವನವೆಲ್ಲ ಕಳೆದವನು. ಗಾಯದ ಮೇಲೆ ತಲೆದಿಂಬು ಇಟ್ಟು ಎರಡೂ ಕೈಯಲ್ಲಿ ಅಪ್ಪಿ ಹಿಡಿದು ಕೆಮ್ಮು ಎಂದರೆ, ಆಗೊಲ್ಲ ತಾಯಿ ಎಂದು ತಮಿಳಿನಲ್ಲಿ ಕೈ ಮುಗಿಯುತ್ತಿದ್ದ. ಅವನ ಹೆಂಡತಿ ಮಂಚದ ಮೇಲೇರಿ ಬೆನ್ನ ಹಿಂದೆ ಕೂತು, ತನ್ನ ಕೈಯನ್ನೂ ದಿಂಬಿನ ಮೇಲಿಟ್ಟು, ಒಂದು, ಎರಡು ಎಂದು ಎಣಿಸಿ ಅವನ ಜತೆಗೆ ತಾನೂ ಕೆಮ್ಮುತ್ತಿದ್ದಳು. ಗಂಟೆಗೊಮ್ಮೆ, ರಾತ್ರಿಯೂ. ಆಮೇಲೆ ಆವಿ, ಆಮೇಲೆ ಆಪರೇಷನ್ ಕೈಗವುಸನ್ನೇ ಬಲೂನಿನಂತೆ ಊದಿಸುವುದು. ಅವನು ಉಳಿದದ್ದು ಆ ಹೆಂಗಸಿನಿಂದ ಎಂದು ನಾನು ಈಗಲೂ ಹೇಳುತ್ತೇನೆ. ಜೀವಮಾನವೆಲ್ಲ ಕಲ್ಲು ಒಡೆದವನ ಹೊಟ್ಟೆಯಲ್ಲೂ ಕಲ್ಲೇ ಎಂಬ ತಮಾಷೆಯನ್ನು ಆ ವಾರ್ಡಿನಲ್ಲಿ ಪ್ರತಿಯೊಬ್ಬರೂ ತಾವೇ ಮೊದಲು ಕಂಡುಹಿಡಿದಂತೆ ಹೇಳುತ್ತಿದ್ದರು. ನಗುವುದನ್ನು ನಾನು ಬೇಗ ಬಿಟ್ಟೆ.

ಹೊಲಿಗೆ ಬಿಚ್ಚುವುದು ಎಂಟು ಹತ್ತು ದಿನಕ್ಕೆ. ಆಮೇಲೂ ಒಂದು ತಿಂಗಳು ಒಂದೂವರೆ ತಿಂಗಳು ಭಾರ ಎತ್ತುವ ಹಾಗಿಲ್ಲ, ಬಾಗುವ ಹಾಗಿಲ್ಲ. ಗೇಣುದ್ದದ ಗಾಯ ಎಲ್ಲರ ಕಣ್ಣಿಗೂ ಕಾಣುವ ಪುರಾವೆ. ಸೀರೆ ಸರಿಸಿ ತೋರಿಸಿದರೆ ಸಾಕು, ಎದುರಿಗಿದ್ದವರು ಅಯ್ಯೋ ಎನ್ನುತ್ತಿದ್ದರು. ಊರಿನಿಂದ ತಂಗಿ ಬರುತ್ತಿದ್ದಳು, ಇಲ್ಲವೇ ಗಂಡನೇ ಒಲೆಯ ಮುಂದೆ ಕೂರುತ್ತಿದ್ದ. ಬಾಳಂತನದ ಹಾಗೆ ನೋಡಿಕೊಂಡರು ಎಂದು ಹೇಳಿಕೊಳ್ಳುತ್ತಿದ್ದರು ಹೆಂಗಸರು, ಮಕ್ಕಳಾಗುವ ವಯಸ್ಸು ದಾಟಿದ ಮೇಲೆ ಅಂಥ ಆರೈಕೆ ಸಿಕ್ಕಿದ್ದು ಇದೊಂದೇ ಸಲ ಎಂಬಂತೆ. ಪಥ್ಯಕ್ಕೆ ಮಿತಿಯಿಲ್ಲ. ಬದನೆ ನಂಜು, ಕುಂಬಳ ನಂಜು, ಮೀನು ನಂಜು, ಗಾಯ ಕೀವಾಗುತ್ತದೆ. ಡಾಕ್ಟರು ಹೇಳಿದ ಜಿಡ್ಡಿನ ಪಥ್ಯವನ್ನು ಮರೆತು, ಯಾರೂ ಹೇಳದ ನಂಜಿನ ಪಥ್ಯವನ್ನು ಕಟ್ಟುನಿಟ್ಟಾಗಿ ನಡೆಸುತ್ತಿದ್ದರು.

ಅರಿವಳಿಕೆ ಇಳಿದು ಕಣ್ಣು ಬಿಟ್ಟ ಕೋಲಾರದವರ ಮೊದಲ ಪ್ರಶ್ನೆ: "ಸಿಸ್ಟರಮ್ಮಾ, ಮುದ್ದೆ ಯಾವಾಗಿಂದ ಉಣ್ಬೋದು?" ಕರುಳು ಎಚ್ಚರವಾಗಿ ಗಾಳಿ ಹೋಗುವವರೆಗೆ ಮೂಗಿನ ಕೊಳವೆ, ಗ್ಲೂಕೋಸು. ಆಮೇಲೆ ಗುಟುಕು ನೀರು, ಗಂಜಿ, ಇಡ್ಲಿ, ಅನ್ನ ತಿಳಿಸಾರು. ಮುದ್ದೆಗೆ ವಾರ ಕಾಯಬೇಕು ಎಂದರೆ ಮುಖ ಸಪ್ಪೆ. ನಿಜ ಹೇಳಬೇಕೆಂದರೆ ಪಿತ್ತಕೋಶ ಇಲ್ಲದವರಿಗೆ ಮುದ್ದೆಯಿಂದ ಏನೂ ತೊಂದರೆಯಿಲ್ಲ, ರಾಗಿಯಲ್ಲಿ ಜಿಡ್ಡು ತೀರಾ ಕಡಿಮೆ. ತೊಂದರೆ ಇರುವುದು ಅದರ ಜತೆಗಿನ ಹಿತಕಿದ ಬೇಳೆ ಸಾರಿನ ಒಗ್ಗರಣೆಯಲ್ಲಿ, ಭಾನುವಾರದ ಮಟನ್ನಿನ ಕೊಬ್ಬಿನಲ್ಲಿ. ಅದೂ ಕೆಲವು ವಾರದ ಮಾತು. ಜನ್ಮವಿಡೀ ಪಥ್ಯ ಮಾಡಬೇಕಾಗಿಲ್ಲ.

ತೂತು ಮಾಡಿ ದುರ್ಬೀನು ಇಳಿಸುವುದು ನಮ್ಮ ಹಳ್ಳಿಗಳಿಗೆ ಹೊಸದಲ್ಲ. ಎಂಬತ್ತರ ದಶಕದಲ್ಲಿ ಸಂತಾನಹರಣದ ಕ್ಯಾಂಪುಗಳಲ್ಲಿ ಹೊಕ್ಕುಳ ಕೆಳಗೆ ಒಂದು ತೂತು ಮಾಡಿ ನಾಳಕ್ಕೆ ಉಂಗುರ ಹಾಕಿ ಸಾಲುಸಾಲಾಗಿ ಹೆಂಗಸರನ್ನು ಕಳಿಸುತ್ತಿದ್ದರು, ಅದೇ ದಿನ ಸಂಜೆಯೇ ಮನೆಗೆ. ಆದ್ದರಿಂದ ತೊಂಬತ್ತರ ದಶಕದಲ್ಲಿ ಪಿತ್ತಕೋಶವನ್ನೂ ಲ್ಯಾಪ್ರೋಸ್ಕೋಪಿಯಲ್ಲಿ ತೆಗೆಯುತ್ತೇವೆ ಎಂದಾಗ, ನನಗೆ ಮಕ್ಕಳ ಆಪರೇಷನ್ ಆಗಿಹೋಗಿದೆ, ಮತ್ತೆ ಯಾಕೆ ಎಂದು ಕೇಳಿದವರಿದ್ದಾರೆ. ಅವರ ಸಂಶಯ ಅಷ್ಟೇನೂ ಹುಚ್ಚಲ್ಲ. ಹೊಟ್ಟೆಗೆ ತೂತು, ಗಂಟೆಗಳಲ್ಲಿ ಬಿಡುಗಡೆ, ಮಾರನೆಯ ದಿನ ಹೊಲ: ಆ ಕ್ರಮವನ್ನು ಅವರ ಮೈ ಆಗಲೇ ಕಂಡಿತ್ತು.

ಪಿತ್ತಕೋಶಕ್ಕೆ ಇದನ್ನು ಮೊದಲು ಮಾಡಿದವನು ಜರ್ಮನಿಯ ಎರಿಕ್ ಮ್ಯೂಹೆ, 1985ರ ಸೆಪ್ಟೆಂಬರ್ 12ರಂದು. ಅವನ ದೇಶದ ಸರ್ಜನ್ನರೇ ಅವನನ್ನು ನಂಬದೆ ಗೇಲಿ ಮಾಡಿದರು. 1987ರಲ್ಲಿ ಫ್ರಾನ್ಸಿನ ಲಿಯೋನ್ ನಗರದಲ್ಲಿ ಫಿಲಿಪ್ ಮೂರೆ ಮಾಡಿದ ಮೇಲೆ ಅದು ಲೋಕಕ್ಕೆಲ್ಲ ಹಬ್ಬಿತು. ಭಾರತದಲ್ಲಿ 1990ರಲ್ಲಿ ಮುಂಬಯಿಯ ಜೆ.ಜೆ. ಆಸ್ಪತ್ರೆಯಲ್ಲಿ ತೆಹೆಂಟನ್ ಉದ್ವಾಡಿಯಾ. ಬಡ ದೇಶಕ್ಕೆ ಈ ದುಬಾರಿ ಷೋಕಿ ಯಾಕೆ ಎಂದವರಿಗೆ ಅವರ ಉತ್ತರ, ಬೇಗ ಕೆಲಸಕ್ಕೆ ಮರಳಬೇಕಾದ ಅಗತ್ಯ ಸಾಹುಕಾರನಿಗಿಂತ ಕೂಲಿಯವನಿಗೇ ಹೆಚ್ಚು ಎಂಬುದು. ಈ ಮಾತಿಗೆ ನನ್ನ ತಕರಾರಿಲ್ಲ. ಒಂದೂವರೆ ತಿಂಗಳ ಕೂಲಿ ಹೋದರೆ ಸಾಲ ಎಷ್ಟಾಗುತ್ತದೆ ಎಂದು ಬಲ್ಲ ಊರು ನಮ್ಮದು.

ಥಿಯೇಟರಿನಲ್ಲಿ ಎಲ್ಲ ತಲೆಕೆಳಗಾಯಿತು. ಗಾಯದ ಮೇಲೆ ಬಗ್ಗುತ್ತಿದ್ದ ಸರ್ಜನ್ನರು ತಲೆಯೆತ್ತಿ ಟಿ.ವಿ. ನೋಡತೊಡಗಿದರು. ಹೊಕ್ಕುಳ ಹತ್ತಿರ ಒಂದು, ಎದೆಗೂಡಿನ ಕೆಳಗೆ ಒಂದು, ಬಲಗಡೆ ಇನ್ನೆರಡು ಸಣ್ಣವು. ನಾಲ್ಕು ತೂತು, ದೊಡ್ಡದೂ ಒಂದು ಸೆಂಟಿಮೀಟರು. ಹೊಟ್ಟೆಯೊಳಗೆ ಇಂಗಾಲದ ಡೈ ಆಕ್ಸೈಡ್ ತುಂಬಿ ಗುಡಾರದಂತೆ ಎಬ್ಬಿಸಿ, ಒಳಗೆ ಕ್ಯಾಮೆರಾ. ರಿಟ್ರಾಕ್ಟರ್ ಹಿಡಿಯುವ ಕೆಲಸ ಹೋಗಿ ನನಗೆ ದುರ್ಬೀನಿನ ಕಣ್ಣು ಒರೆಸುವ ಕೆಲಸ ಬಂತು. ಬೆಚ್ಚನೆಯ ಹೊಟ್ಟೆಯೊಳಗೆ ತಣ್ಣನೆಯ ಗಾಜು ಹೋದರೆ ಮಂಜು ಹಿಡಿಯುತ್ತದೆ. ಅದಕ್ಕೆ ಫ್ಲಾಸ್ಕಿನಲ್ಲಿ ಬಿಸಿ ಸಲೈನ್ ಇಟ್ಟುಕೊಂಡು ಅದ್ದಿ ಅದ್ದಿ ಕೊಡುವುದು. ಚೀಲದ ನಾಳ, ಅದರ ರಕ್ತನಾಳ ಎರಡನ್ನೂ ಬಿಡಿಸಿ, ಟೈಟೇನಿಯಂ ಕ್ಲಿಪ್ ಹಾಕಿ ಕತ್ತರಿಸಿ, ಯಕೃತ್ತಿನಿಂದ ಬೇರೆ ಮಾಡಿ, ತೂತಿನ ಬಾಯಿಗೆ ಎಳೆದು, ಪಿತ್ತ ಹೀರಿ, ಕಲ್ಲನ್ನು ಒಂದೊಂದಾಗಿ ಹೆಕ್ಕಿ, ಖಾಲಿ ಚೀಲ ಹೊರಗೆ. ಆ ಚೀಲ ಪರೀಕ್ಷೆಗೆ ಹೋಗುತ್ತದೆ, ಎಲ್ಲೋ ಅಪರೂಪಕ್ಕೆ ಅದರಲ್ಲಿ ಕ್ಯಾನ್ಸರ್ ಸಿಗುವುದುಂಟು. ವರದಿ ತೆಗೆದುಕೊಳ್ಳಲು ಬಾರದವರೇ ಹೆಚ್ಚು.

ಆ ಮೊದಲ ವರ್ಷಗಳಲ್ಲಿ ಲೋಕವಿಡೀ ಕೈ ಪಳಗುವವರೆಗೆ ಅನಾಹುತಗಳಾದವು. ಕ್ಯಾಲೋ ತ್ರಿಕೋನ ಎಂದು ಕರೆಯುವ ಆ ಇಕ್ಕಟ್ಟಿನಲ್ಲಿ ಚೀಲದ ನಾಳ ಎಂದುಕೊಂಡು ದೊಡ್ಡ ಪಿತ್ತನಾಳಕ್ಕೇ ಕ್ಲಿಪ್ ಬೀಳುವುದು. ನಮ್ಮ ಕಡೆಯ ಒಬ್ಬ ಹೆಣ್ಣುಮಗಳು, ಎಲ್ಲಿ ಮಾಡಿಸಿಕೊಂಡಿದ್ದಳು ಎಂದು ಹೇಳುವುದಿಲ್ಲ, ಮನೆಗೆ ಹೋಗಿ ವಾರದೊಳಗೆ ಕಣ್ಣೆಲ್ಲ ಅರಿಶಿನವಾಗಿ, ಚಳಿಜ್ವರದಲ್ಲಿ ನಡುಗುತ್ತಾ ನಮ್ಮಲ್ಲಿಗೆ ಬಂದಳು. ಗೇಣುದ್ದದ ಗಾಯದಿಂದ ತಪ್ಪಿಸಿಕೊಂಡವಳಿಗೆ ಅದಕ್ಕಿಂತ ದೊಡ್ಡ ಗಾಯವಾಗಿ, ಕರುಳನ್ನೇ ನಾಳಕ್ಕೆ ಜೋಡಿಸಬೇಕಾಯಿತು. ಮನೆಯವರು ಮೂರು ದಿನ ನೆಲನೆಲ್ಲಿ ಕುಡಿಸಿ ಕಾದಿದ್ದರು. 1995ರಲ್ಲಿ ಸ್ಟ್ರಾಸ್‌ಬರ್ಗ್ ಎಂಬ ಸರ್ಜನ್ ಮತ್ತು ಸಂಗಡಿಗರು ಒಂದು ನಿಯಮ ಬರೆದರು: ಚೀಲಕ್ಕೆ ಹೋಗುವ ಎರಡೇ ಎರಡು ಎಳೆ ಕಣ್ಣಾರೆ ಕಾಣುವವರೆಗೆ ಕತ್ತರಿ ಹಾಕಬಾರದು. ಕಾಣದಿದ್ದರೆ ಹೊಟ್ಟೆ ತೆರೆಯುವುದರಲ್ಲಿ ನಾಚಿಕೆಯೇನಿಲ್ಲ. ಒಳ್ಳೆಯ ಸರ್ಜನ್ ಯಾರು ಎಂದು ಯಾರಾದರೂ ಕೇಳಿದರೆ, ತೆರೆಯಬೇಕಾದೀತು ಎಂದು ಮೊದಲೇ ಹೇಳುವವರು ಎನ್ನುತ್ತೇನೆ.

ಇವತ್ತು ರೈಲು ಹತ್ತಲೇಬೇಕೆಂದಿಲ್ಲ. ಕೋಲಾರದ ಟಮಕದಲ್ಲಿ 1986ರಲ್ಲಿ ಶುರುವಾದ ದೇವರಾಜ ಅರಸು ವೈದ್ಯಕೀಯ ಕಾಲೇಜಿನ ಆಸ್ಪತ್ರೆ ಇದೆ, ಎಸ್.ಎನ್.ಆರ್. ಜಿಲ್ಲಾ ಆಸ್ಪತ್ರೆ ಇದೆ. 2003ರಲ್ಲಿ ಯಶಸ್ವಿನಿ ಆರೋಗ್ಯ ಯೋಜನೆ ಬಂದ ಮೇಲೆ ಹಾಲಿನ ಡೈರಿ ಸದಸ್ಯರು ಕಾರ್ಡು ಹಿಡಿದು ಆಪರೇಷನ್ನಿಗೆ ಹೋಗುವಂತಾಯಿತು. ಗಣಿಯವರದು ಮಾತ್ರ ತಿರುಗುಮುರುಗು. 2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು, ಅದರ ಜತೆ ಬಿಟ್ಟಿ ಆಸ್ಪತ್ರೆಯ ಕಾಲವೂ ಮುಗಿಯಿತು. ಎರಡು ದಶಕ ಪಾಳು ಬಿದ್ದಿದ್ದ ಆ ಕಟ್ಟಡವನ್ನು 2021ರ ಕೋವಿಡ್ ಅಲೆಯಲ್ಲಿ ಸ್ವಯಂಸೇವಕರು ಗುಡಿಸಿ ತೊಳೆದು ಹಾಸಿಗೆ ಹಾಕಿದರು. ಗಣಿಯವರ ಮಕ್ಕಳು ಈಗ ನಾನು ಹತ್ತುತ್ತಿದ್ದ ಗಾಡಿಯಲ್ಲೇ ಬೆಂಗಳೂರಿನ ಕಂಪನಿಗಳಿಗೆ, ಗಾರ್ಮೆಂಟ್ಸಿಗೆ ಹೋಗುತ್ತಾರೆ.

ಸ್ಕ್ಯಾನಿಂಗ್ ಸೆಂಟರುಗಳು ಬಂದು ಇನ್ನೊಂದು ಗೋಜಲು ಹುಟ್ಟಿದೆ. ಬೇರೇನೋ ನೋಡಲು ಹೋದವರಿಗೆ ಕಲ್ಲು ಕಾಣುತ್ತದೆ, ಭಯ ಶುರು. ನೋವು ಕೊಡದೆ ಸುಮ್ಮನಿರುವ ಕಲ್ಲನ್ನು ಸಾಮಾನ್ಯವಾಗಿ ತೆಗೆಯಬೇಕಾಗಿಲ್ಲ, ಗಮನವಿಟ್ಟರೆ ಸಾಕು. ನೋವು ಮರುಕಳಿಸಿದರೆ, ಕಾಮಾಲೆ ಬಂದರೆ, ಮೇದೋಜೀರಕ ಊದಿಕೊಂಡರೆ ಮಾತು ಬೇರೆ. ಕಲ್ಲು ಕರಗಿಸುವ ಪುಡಿ ಮಾರುವವರ ಮಾತಿಗೆ ಮಾತ್ರ ಹೋಗಬೇಡಿ. ಬಾಳೆದಿಂಡಿನ ರಸ ಕಿಡ್ನಿ ಕಲ್ಲಿಗೆ ಎಂದು ಕುಡಿಯುತ್ತಾರಲ್ಲ, ಅದಕ್ಕೂ ಪಿತ್ತಕೋಶಕ್ಕೂ ಏನೇನೂ ಸಂಬಂಧವಿಲ್ಲ.

ಈಗ ಆಪರೇಷನ್ ದಿನ ಸಂಜೆಗೇ ಎಬ್ಬಿಸಿ ನಡೆಸುತ್ತಾರೆ, ಮಾರನೆಯ ದಿನವೋ ಅದರಾಚೆ ದಿನವೋ ಡಿಸ್ಚಾರ್ಜ್. ಬಲಭುಜ ನೋಯುತ್ತದೆ ಎಂದು ಹೆದರುತ್ತಾರೆ. ಅದು ಒಳಗುಳಿದ ಗಾಳಿ ವಪೆಯನ್ನು ಕೆಣಕುವುದರಿಂದ, ಎರಡು ಮೂರು ದಿನದಲ್ಲಿ ಹೋಗುತ್ತದೆ. ಸಿಲಿಕೋಸಿಸ್ ಎದೆಯವರಿಗೆ ಇದು ನಿಜಕ್ಕೂ ವರವಾಯಿತು. ದಿಂಬು ಅಪ್ಪಿ ಕೆಮ್ಮುವ ರಾತ್ರಿಗಳು ಹೋದವು. ಹಳೆಯ ಕಾಲವೇ ಚೆನ್ನಾಗಿತ್ತು ಎಂದು ನಾನು ಹೇಳಲಾರೆ, ಆ ಟಿ ಕೊಳವೆಯ ಬಾಟಲಿ ಹಿಡಿದು ನಡೆದವರನ್ನು ಕಂಡವಳು.

ಆದರೆ ಮನೆಗೆ ಹೋದವಳ ಹೊಟ್ಟೆಯ ಮೇಲೆ ಈಗ ನಾಲ್ಕು ಪುಟ್ಟ ಪ್ಲಾಸ್ಟರ್, ಅಷ್ಟೇ. ಅದನ್ನು ತೋರಿಸಿದರೆ ಅಯ್ಯೋ ಎನ್ನುವವರಿಲ್ಲ. ತಂಗಿಯನ್ನು ಕರೆಸುವುದಿಲ್ಲ, ಲ್ಯಾಪ್ ತಾನೇ ಎನ್ನುತ್ತಾರೆ. ಸೂಪರ್‌ವೈಸರ್ ಸೋಮವಾರ ಬಂದುಬಿಡು ಎನ್ನುತ್ತಾನೆ. ಹೊರಗೆ ತೂತು ಚಿಕ್ಕದಾದರೂ ಒಳಗೆ ಯಕೃತ್ತಿನಿಂದ ಚೀಲ ಕಿತ್ತ ಜಾಗ ಹಿಂದಿನಷ್ಟೇ ಇದೆ, ಮೈ ಸುಸ್ತು ವಾರಗಟ್ಟಲೆ ಇರುತ್ತದೆ. ಎಲ್ಲಕ್ಕಿಂತ ನೀರು. ನಮ್ಮ ಊರಿನಲ್ಲಿ ನಲ್ಲಿ ದಿನವೂ ಬರುವುದಿಲ್ಲ, ಟ್ಯಾಂಕರ್ ಬಂದಾಗ ಹಿಡಿಯಬೇಕು. ತುಂಬಿದ ಕೊಡ ಹತ್ತು ಹದಿನೈದು ಕೆ.ಜಿ. ನಮ್ಮ ಬೀದಿಯ ಒಬ್ಬಳು ಡಿಸ್ಚಾರ್ಜ್ ಆದ ನಾಲ್ಕನೆಯ ದಿನ ಟ್ಯಾಂಕರ್ ಸದ್ದು ಕೇಳಿ ಓಡಿದಳು, ಸಾಲಿನಲ್ಲಿ ಅವಳ ಜಾಗ ಬೇರೆಯವರು ಹಿಡಿದುಕೊಂಡಾರು ಎಂದು. ಕೆಲವು ತಿಂಗಳಲ್ಲಿ ಹೊಕ್ಕುಳ ಪಕ್ಕದ ತೂತಿನ ಜಾಗ ಉಬ್ಬಿ, ಹರ್ನಿಯಾ. ಪಿತ್ತಕೋಶಕ್ಕಿಂತ ದೊಡ್ಡ ಆಪರೇಷನ್ ಅದಕ್ಕಾಯಿತು, ಜಾಲರಿ ಹಾಕಿ.

ಕೊನೆಕೊನೆಯ ವರ್ಷಗಳಲ್ಲಿ ಡಿಸ್ಚಾರ್ಜ್ ಕಾರ್ಡಿನ ಇಂಗ್ಲಿಷಿನ ಕೆಳಗೆ ನಾನು ಕನ್ನಡದಲ್ಲಿ ಕೈಯಾರೆ ಬರೆಯಲು ಶುರು ಮಾಡಿದೆ. ಜ್ವರ, ಚಳಿ, ಕಣ್ಣು ಹಳದಿ, ಮೂತ್ರ ಕಡುಬಣ್ಣ, ಹೆಚ್ಚುತ್ತಾ ಹೋಗುವ ಹೊಟ್ಟೆನೋವು, ಇವುಗಳಲ್ಲಿ ಒಂದು ಕಂಡರೂ ಅದೇ ದಿನ ವಾಪಸು ಬನ್ನಿ, ಮನೆಮದ್ದು ಬೇಡ. ಸ್ವಲ್ಪಸ್ವಲ್ಪವಾಗಿ ನಾಲ್ಕೈದು ಸಲ ಉಣ್ಣಿ. ಮುದ್ದೆ ಉಣ್ಣಬಹುದು. ಕೊನೆಗೆ ದಪ್ಪಕ್ಷರದಲ್ಲಿ: ನಾಲ್ಕರಿಂದ ಆರು ವಾರ ತುಂಬಿದ ಕೊಡ ಎತ್ತಕೂಡದು. ಕಾರ್ಡನ್ನು ರೋಗಿಯ ಕೈಗೆ ಕೊಡುತ್ತಿರಲಿಲ್ಲ. ಗಂಡ, ಅತ್ತೆ, ಮಗ, ಯಾರು ಕರೆದುಕೊಂಡು ಹೋಗಲು ಬಂದಿದ್ದಾರೋ ಅವರನ್ನು ಎದುರಿಗೆ ನಿಲ್ಲಿಸಿಕೊಂಡು ಅವರಿಂದಲೇ ಗಟ್ಟಿಯಾಗಿ ಓದಿಸುತ್ತಿದ್ದೆ. ಓದು ಬಾರದ ಅತ್ತೆಯರಿಗೆ ನಾನೇ ಓದಿ ಹೇಳಿ, ನೀರು ಯಾರು ಹಿಡೀತೀರಿ, ಹೆಸರು ಹೇಳಿ ಎಂದು ಕೇಳುತ್ತಿದ್ದೆ. ಒಬ್ಬರ ಹೆಸರು ಬರುವವರೆಗೆ ಬಿಲ್ಲಿನ ಕೌಂಟರಿಗೆ ಕಳಿಸುತ್ತಿರಲಿಲ್ಲ.